ನೆಲ ಮುಟ್ಟದ ಉಗುರು

ನಾಯಿಯ ಮುಂಗಾಲಿನಲ್ಲಿ ನೆಲಕ್ಕೆ ತಾಗದ ಒಂದು ಉಗುರು ಇರುತ್ತದೆ. ಪಾದಕ್ಕಿಂತ ತುಸು ಮೇಲೆ, ಒಳಮಗ್ಗುಲಿಗೆ, ನಮ್ಮ ಹೆಬ್ಬೆರಳು ಇದ್ದ ಹಾಗೆ. ನಾಯಿ ಸಾಕಿದವರಲ್ಲೂ ಬಹಳ ಜನ ಅದನ್ನು ನೋಡಿರುವುದಿಲ್ಲ. ನಾನು ನೋಡಿದ್ದೆ. ತಿಂಗಳಿಗೊಮ್ಮೆ ಆ ಕಾಲನ್ನು ಕೈಯಲ್ಲಿ ಹಿಡಿದು ಕೂತಿದ್ದೆ. ಆಮೇಲೆ ಐದು ತಿಂಗಳು ಮರೆತೆ.

ಚಚಡಿಯಲ್ಲಿ ಹುಟ್ಟಿದ ನನ್ನನ್ನು ರಾಮದುರ್ಗದ ಕಡೆಯ ಒಂದು ಹಳ್ಳಿಗೆ ಕೊಟ್ಟಿದ್ದರು. ಮಲಪ್ರಭೆಯ ದಂಡೆಗೆ ಹೊಲ, ಊರೊಳಗೆ ಮಣ್ಣಿನ ಮಾಳಿಗೆಯ ಮನೆ. ಮನೆಯಲ್ಲಿ ಮಾವ, ಅತ್ತೆ, ಅವರ ಒಬ್ಬನೇ ಮಗ, ನಾನು. ಐದನೆಯದು ನಾಯಿ. ಮುಧೋಳದ ಕಡೆಯವರೊಬ್ಬರಿಂದ ನನ್ನ ಗಂಡ ಮರಿಯಿದ್ದಾಗಲೇ ತಂದದ್ದು. ಒಳಗೆ ಸೇದಿಕೊಂಡ ಹೊಟ್ಟೆ, ಉದ್ದ ಕಾಲು, ಮೊಲದ ಹಿಂದೆ ಬಿಟ್ಟರೆ ಕಣ್ಣಿಗೆ ಸಿಗದ ಜಾತಿ. ಅದಕ್ಕೊಂದು ಹೆಸರಿತ್ತು. ಇಟ್ಟವರೂ ಕರೆಯುತ್ತಿದ್ದವರೂ ಅವರೊಬ್ಬರೇ. ಅವರು ಹೋದ ಮೇಲೆ ಆ ಹೆಸರು ಯಾರ ಬಾಯಲ್ಲೂ ಬರಲಿಲ್ಲ, ನನ್ನ ಬಾಯಲ್ಲೂ.

ಅವರು ಅರಳೆ ಹೇರಿಕೊಂಡು ಬೈಲಹೊಂಗಲದ ಪೇಟೆಗೆ ಹೊರಟರೆ ನಾಯಿ ಗಾಡಿಯ ಅಚ್ಚಿನ ಕೆಳಗೆ, ನೆರಳು ನೋಡಿಕೊಂಡು, ಅಷ್ಟು ದಾರಿಯನ್ನೂ ನಡೆಯುತ್ತಿತ್ತು. ಸವದತ್ತಿಯ ಗುಡ್ಡದ ಕಲ್ಲುದಾರಿಗೆ ಅದರ ಉಗುರುಗಳೆಲ್ಲ ತಾವಾಗಿ ಸವೆಯುತ್ತಿದ್ದವು. ಯಾರೂ ಕೈ ಹಚ್ಚಬೇಕಾಗಿರಲಿಲ್ಲ. ಮೇಲಿನ ಆ ಒಂದು ಮಾತ್ರ ಯಾವ ಕಲ್ಲಿಗೂ ಸಿಗದೆ ಕುಡುಗೋಲಿನಂತೆ ಒಳಗೆ ಬಾಗಿ ಬೆಳೆಯುತ್ತಿತ್ತು.

“ನೆಲಾ ಮುಟ್ಟೂ ಉಗುರನ್ನ ನೆಲಾನ ನೋಡಿಕೊಂತೈತಿ. ಮುಟ್ಟಲಾರದ್ದನ್ನ ನಾವ ನೋಡಬೇಕು,” ಎಂದು ಅವರು ಒಮ್ಮೆ ನನಗೆ ಹೇಳಿದ್ದರು.

ನೋಡಿಕೊಳ್ಳುವ ಹೊತ್ತು ಮಧ್ಯಾಹ್ನ. ಉಂಡು ಮಾವ ಪಡಸಾಲೆಯಲ್ಲಿ ಅಡ್ಡಾಗುತ್ತಿದ್ದರು, ಅತ್ತೆ ಅಡುಗೆಮನೆಯ ಬಾಗಿಲಲ್ಲಿ ಸೆರಗು ಹಾಸಿಕೊಂಡು ಮಲಗುತ್ತಿದ್ದರು. ಆಗ ನನ್ನ ಗಂಡ ಬೆಕ್ಕಿನ ಹೆಜ್ಜೆಯಲ್ಲಿ ಹೋಗಿ ಮಾವನ ಎಲೆಯಡಿಕೆ ಸಂಚಿಯೊಳಗಿನ ಅಡಕೊತ್ತನ್ನು ಎತ್ತಿಕೊಂಡು ಹಿತ್ತಲಿಗೆ ಬರುತ್ತಿದ್ದರು. ಹೌದು, ಮಾವ ಅಡಿಕೆ ಕತ್ತರಿಸುತ್ತಿದ್ದ ಅಡಕೊತ್ತು. ಕತ್ತರಿಗೆ ಆ ಉಗುರು ಜಾರುತ್ತದೆ, ಕುಡುಗೋಲಿಗೆ ಸೀಳುತ್ತದೆ. ಅಡಕೊತ್ತಿಗೆ ಮಾತ್ರ ನೇರ ಬೀಳುತ್ತದೆ ಎಂದು ಅವರೇ ಕಂಡುಹಿಡಿದದ್ದು. ಕೆಲಸವಾದ ಮೇಲೆ ಬೂದಿ ಹಚ್ಚಿ ತೊಳೆದು, ಧೋತರದ ಚುಂಗಿನಿಂದ ಒರೆಸಿ, ಮಾವ ಏಳುವುದರೊಳಗೆ ಸಂಚಿಗೆ ಸೇರಿಸುತ್ತಿದ್ದರು. ಸಂಜೆ ಮಾವ ಸಮಾಧಾನದಿಂದ ಅಡಿಕೆ ಕತ್ತರಿಸಿ ಬಾಯಿಗೆ ಹಾಕಿಕೊಳ್ಳುವಾಗ ನಾವಿಬ್ಬರೂ ಒಬ್ಬರ ಮುಖ ಒಬ್ಬರು ನೋಡುತ್ತಿರಲಿಲ್ಲ. ನೋಡಿದ್ದರೆ ನಗು ಒಡೆದು ಮರ್ಯಾದೆ ಉಳಿಯುತ್ತಿರಲಿಲ್ಲ.

ಹಗಲು ಹೊತ್ತಿನಲ್ಲಿ ಗಂಡ ಹೆಂಡತಿ ಹಿರಿಯರ ಕಣ್ಣೆದುರಿಗೆ ಮಾತಾಡುವ ಕಾಲವಲ್ಲ ಅದು. ಅವರ ಊಟಕ್ಕೆ ನಾನು ನೀಡುತ್ತಿದ್ದೆ, ಅವರು ಅತ್ತೆಗೆ ಹೇಳಿದಂತೆ ಮಾಡಿ ನನ್ನಲ್ಲಿ ಸಾರು ಕೇಳುತ್ತಿದ್ದರು. ಹಾಗಾಗಿ ನಾಯಿಯ ಉಗುರು ತೆಗೆಯುವುದು ನಮಗೆ ಬರೀ ಉಗುರು ತೆಗೆಯುವುದಾಗಿರಲಿಲ್ಲ. ಸೋಮವಾರ ಬೇಡ, ಶುಕ್ರವಾರ ಬೇಡ, ಅಮಾವಾಸ್ಯೆ ಬೇಡ. ಮನುಷ್ಯರ ಉಗುರಿನ ನೇಮವನ್ನೆಲ್ಲ ಅವರು ನಾಯಿಗೂ ಪಾಲಿಸುತ್ತಿದ್ದರು. ನಾಯಿಗೇನು ವಾರ ಗೊತ್ತೇ ಎಂದು ನಾನು ಕೇಳಿದ್ದಕ್ಕೆ, ಅದಕ್ಕೆ ಗೊತ್ತಿಲ್ಲದಿದ್ದರೆ ನಮಗೆ ಗೊತ್ತಿದೆಯಲ್ಲ ಎಂದಿದ್ದರು.

ಮಾಡುವ ಕ್ರಮವೂ ಅವರದೇ. ಮೊದಲು ಬೆಚ್ಚಗಿನ ನೀರಿನಲ್ಲಿ ಕಾಲು ನೆನೆಸಬೇಕು, ಉಗುರು ಮೆತ್ತಗಾಗುತ್ತದೆ. ನಾಯಿಯ ಬೆನ್ನು ಗೋಡೆಗೆ ಬರಬೇಕು, ಹಿಂದೆ ಸರಿಯಲು ಜಾಗ ಇರಬಾರದು. ಹಿಡಿಯುವವರು ಉಗುರಿನ ಬುಡವನ್ನೇ ಎರಡು ಬೆರಳಲ್ಲಿ ಹಿಡಿಯಬೇಕು, ಕಾಲು ಎಳೆದುಕೊಂಡರೂ ಬೆರಳು ತಿರುಚಬಾರದು. ಬಿಳಿ ಉಗುರಾದರೆ ಬಿಸಿಲಿಗೆ ಹಿಡಿದರೆ ಒಳಗಿನ ರಕ್ತದ ಗೆರೆ ಕಾಣುತ್ತದೆ. ನಮ್ಮ ನಾಯಿಯದು ಕರಿ ಉಗುರು, ಏನೂ ಕಾಣದು. ಅದಕ್ಕೆ ಒಂದೇ ಏಟಿಗೆ ಕತ್ತರಿಸಬಾರದು. ಅಡಿಕೆಯ ಚೂರಿನಷ್ಟು ತೆಳ್ಳಗೆ ತೆಗೆಯುತ್ತ, ಪ್ರತಿ ಸಲ ಕೊಯ್ದ ಜಾಗ ನೋಡಬೇಕು. ಪುಡಿಪುಡಿಯಾಗಿ ಬೆಳ್ಳಗೆ ಇರುವ ತನಕ ಭಯವಿಲ್ಲ. ನಡುವೆ ಒಂದು ಹಸಿ ಚುಕ್ಕೆ ಕಂಡಿತೋ, ಅಲ್ಲಿಗೆ ನಿಲ್ಲಿಸಬೇಕು. ತಪ್ಪಿ ರಕ್ತ ಬಂದರೆ ಜೋಳದ ಹಿಟ್ಟು ಒತ್ತಿ ಹಿಡಿಯಬೇಕು. ಹಿಟ್ಟಿನ ಬಟ್ಟಲು ಯಾವಾಗಲೂ ನನ್ನ ಪಕ್ಕದಲ್ಲಿರುತ್ತಿತ್ತು, ಬೇಕಾದದ್ದು ಒಮ್ಮೆ ಮಾತ್ರ. ಚೂರುಗಳನ್ನು ನಾನು ಒಂದೂ ಬಿಡದೆ ಆಯ್ದು ತಿಪ್ಪೆಗೆ ಹಾಕುತ್ತಿದ್ದೆ. ಉಗುರು ಮನೆಯಲ್ಲಿ ಬಿದ್ದರೆ ಜಗಳ ಹುಟ್ಟುತ್ತದೆ ಎಂದು ನನ್ನ ತವರಿನ ಕಲಿಕೆ.

ಪ್ಲೇಗು ಬಂದ ವರ್ಷ ನಮ್ಮ ಮನೆಯ ಕಣಜದ ಹಿಂದೆ ಇಲಿ ಸತ್ತು ಬಿತ್ತು. ಎಲ್ಲರಂತೆ ನಾವೂ ಊರು ಬಿಟ್ಟು ಹೊಲದಲ್ಲಿ ಗುಡಿಸಲು ಹಾಕಿಕೊಂಡೆವು. ಜೀವ ಉಳಿಸಿಕೊಳ್ಳಲು ಹೋದವರು ನಾವು. ಅಲ್ಲಿ ನನ್ನ ಗಂಡನಿಗೆ ಜ್ವರ ಬಂತು, ಬಗಲಲ್ಲಿ ಗಂಟು ಎದ್ದಿತು, ನಾಲ್ಕನೆಯ ದಿನ ಹೋದರು. ಹೊಲದ ಮೂಲೆಯಲ್ಲೇ ಕೂಡಿಸಿ ಮಣ್ಣು ಕೊಟ್ಟರು. ನನಗೆ ಆಗ ಹತ್ತೊಂಬತ್ತು.

ಅತ್ತೆ ಹಾಡಿ ಅತ್ತರು. ನಮ್ಮ ಕಡೆ ಹಾಗೇ. ಸತ್ತವರ ಗುಣ, ಅವರು ಉಂಡದ್ದು, ಉಟ್ಟದ್ದು, ಎಲ್ಲವನ್ನೂ ರಾಗವಾಗಿ ಕರೆದು ಕರೆದು ಅಳುತ್ತಾರೆ, ಬಂದ ಹೆಂಗಸರು ದನಿಗೂಡಿಸುತ್ತಾರೆ. ನನ್ನನ್ನೂ ನಡುವೆ ಕೂಡಿಸಿದರು. ನನಗೆ ಬಾಯಿ ಬರಲಿಲ್ಲ, ಕಣ್ಣೀರೂ ಬರಲಿಲ್ಲ. ಒಳಗೆ ದುಃಖ ಕಟ್ಟಿಕೊಂಡಿತ್ತು ಎಂದು ಈಗ ಬರೆದರೆ ಸುಳ್ಳಾಗುತ್ತದೆ. ಒಳಗೆ ಏನೂ ಇರಲಿಲ್ಲ. ಬಳೆ ಒಡೆಯುವಾಗ ಒಂದು ಚೂರು ಮಣಿಕಟ್ಟಿಗೆ ಚುಚ್ಚಿತು, ಅದು ಉರಿಯಿತು, ಅಷ್ಟು ನೆನಪಿದೆ. ಆ ಹೆಂಗಸರು ಅತ್ತು ಹಗುರಾಗು ಎಂದು ಹೇಳಿ ಹೇಳಿ ಸೋತು, ಕಡೆಗೆ ಕಲ್ಲೆದೆಯವಳು ಎಂದು ತಮ್ಮಲ್ಲೇ ಮಾತಾಡಿಕೊಂಡು ಎದ್ದು ಹೋದರು.

ರೋಗ ಇಳಿದ ಮೇಲೆ ಊರೊಳಗಿನ ಮನೆಗೆ ತಿರುಗಿ ಬಂದೆವು. ನಾಯಿ ಮಾತ್ರ ದಿನಾ ಹೊಲಕ್ಕೆ ಓಡಿ ಹೋಗಿ ಆ ಮಣ್ಣನ್ನು ಕೆದರುತ್ತಿತ್ತು. ಊರೆಲ್ಲ ಗುಲ್ಲಾಯಿತು, ನಾಯಿ ಒಡೆಯನನ್ನು ಹುಡುಕುತ್ತಿದೆ ಎಂದು. ನಾನೂ ಒಂದು ದಿನ ಬುತ್ತಿ ಒಯ್ದಾಗ ನೋಡಿದೆ. ಅಲ್ಲಿ ಹೆಗ್ಗಣದ ಬಿಲಗಳಿದ್ದವು. ಮಣ್ಣು ಸಡಿಲವಾಗಿದ್ದಲ್ಲಿ ಹೆಗ್ಗಣ ಸೇರಿಕೊಳ್ಳುತ್ತದೆ, ಹೆಗ್ಗಣ ಇದ್ದಲ್ಲಿ ನಾಯಿ ಕೆದರುತ್ತದೆ. ಹೇಳಿದರೆ ನನ್ನ ಮಾತು ಯಾರಿಗೆ ಬೇಕಿತ್ತು? ಮಾವ ಮಗನ ಮಣ್ಣು ಕೆದರುವುದನ್ನು ನೋಡಲಾರದೆ ನಾಯಿಯನ್ನು ಎಳೆದು ತಂದು ಪಡಸಾಲೆಯ ಕಂಬಕ್ಕೆ ಕಟ್ಟಿದರು.

ಕಟ್ಟಿದ್ದು ಕಟ್ಟಿದ ಹಾಗೇ ಉಳಿಯಿತು. ತಿಂಗಳು ಕಳೆದಂತೆ ನಾಯಿ ಸೊರಗಿತು. ಮೊದಮೊದಲು ಒಂದು ಕಾಲು ಎತ್ತಿಕೊಂಡು ಕುಂಟುತ್ತಿತ್ತು, ಆಮೇಲೆ ಏಳುವುದನ್ನೇ ಬಿಟ್ಟಿತು. ರೊಟ್ಟಿ ಹಾಕಿದರೆ ಮೂಸಿ ಮುಖ ತಿರುಗಿಸುತ್ತಿತ್ತು. ಹಗಲೆಲ್ಲ ಮುಂಗಾಲು ನೆಕ್ಕುತ್ತ ಸಣ್ಣಗೆ ಕೊರಗುತ್ತಿತ್ತು. ಒಡೆಯನ ಕೂಡ ಹೋಗಲು ಅನ್ನ ಬಿಟ್ಟಿದೆ ಎಂದಾಯಿತು. ಸವದತ್ತಿಯ ದಾರಿಯಲ್ಲಿ ಹೋಗುವ ಗಾಡಿಯವರು ನಿಲ್ಲಿಸಿ ನೋಡಿ ಕೈ ಮುಗಿಯತೊಡಗಿದರು. ಮಠದ ಅಯ್ಯನವರು ಬಂದು ಅದರ ಹಣೆಗೆ ವಿಭೂತಿ ಹಚ್ಚಿ ಹೋದರು. ಅದು ಅದನ್ನೂ ನೆಕ್ಕಲು ನೋಡಿತು, ನಾಲಿಗೆ ಎಟುಕಲಿಲ್ಲ.

ಅತ್ತೆ ಮಾತ್ರ ಅದರ ಪಕ್ಕ ಬಿಟ್ಟು ಏಳುತ್ತಿರಲಿಲ್ಲ. ರೊಟ್ಟಿಯನ್ನು ಹಾಲಲ್ಲಿ ಕಿವುಚಿ ಬಾಯಿಗೆ ಹಿಡಿಯುತ್ತಿದ್ದರು. ನನ್ನ ಮಗನನ್ನು ನೆನೆಸುವವರು ನಾವಿಬ್ಬರೇ ಉಳಿದೆವು ಎಂದು ಅದಕ್ಕೆ ಹೇಳುತ್ತಿದ್ದರು. ನಾಯಿ ಒಂದು ತುತ್ತು ತಿಂದರೆ ತಾವೂ ಒಂದು ತುತ್ತು ತಿನ್ನುತ್ತಿದ್ದರು. ಅವರ ಜೀವ ಹಿಡಿದದ್ದೇ ಆ ನಾಯಿಯ ಸಂಕಟದ ಮೇಲೆ. ಒಂದು ದಿನ ನೆರೆಮನೆಯ ಮುದುಕಿ ನಾಯಿಯನ್ನು ನೋಡಲು ಬಂದವಳು, ನಾನು ನೀರು ಕೊಡುತ್ತಿದ್ದಂತೆ, ನನಗೆ ಕೇಳಲೆಂದೇ ಹೇಳಿದಳು:

“ನಾಯಿಗಿರೂ ನಿಯತ್ತು ಮನಷ್ಯಾರಿಗಿಲ್ಲ ನೋಡವಾ.”

ಅತ್ತೆ ನಾಯಿಯ ಬಾಯಿಗೆ ಇನ್ನೊಂದು ತುತ್ತು ಹಿಡಿದರು. ನಾನು ತಂಬಿಗೆ ತೆಗೆದುಕೊಂಡು ಒಳಗೆ ಹೋದೆ. ನಿಜ ಹೇಳಬೇಕೆಂದರೆ ಆ ನಾಯಿಯ ಮೇಲೆ ನನಗೆ ಹೊಟ್ಟೆಕಿಚ್ಚಿತ್ತು.

ನಾಯಿ ನಾರತೊಡಗಿದಾಗ ಮಾವ ಅದಕ್ಕೆ ಮೈ ತೊಳೆಸು ಎಂದು ನನಗೆ ಹೇಳಿದರು. ಅತ್ತೆ ಅವತ್ತು ಮಠಕ್ಕೆ ಹೋಗಿದ್ದರು. ಬಿಸಿನೀರಿನ ಕೊಡ ತಂದು ಬೆನ್ನು ತೊಳೆದೆ, ಹಿಂಗಾಲು ತೊಳೆದೆ, ಬಲ ಮುಂಗಾಲು ಎತ್ತಿದೆ. ನೆಲ ಮುಟ್ಟುವ ಉಗುರುಗಳೂ ಕಟ್ಟಿದಲ್ಲೇ ಕಟ್ಟಿದ್ದಕ್ಕೆ ಉದ್ದ ಬೆಳೆದಿದ್ದವು. ಮೇಲಿನ ಉಗುರು ಪೂರ್ತಿ ಬಳೆಯಂತೆ ಸುತ್ತಿ ಬಂದು ಅದರ ಕಾಲಿನ ಮಾಂಸದೊಳಗೇ ಇಳಿದಿತ್ತು. ಸುತ್ತ ಕೀವು. ನಾತ ಅಲ್ಲಿಂದಲೇ ಬರುತ್ತಿತ್ತು.

ಕಾಲನ್ನು ಕೈಯಲ್ಲಿ ಹಿಡಿದುಕೊಂಡೇ ಕೂತೆ. ಹೆಬ್ಬೆರಳೂ ತೋರುಬೆರಳೂ ತಾವಾಗಿ ಉಗುರಿನ ಬುಡಕ್ಕೆ ಹೋಗಿ ಕೂತಿದ್ದವು. ಇಡೀ ಊರಿನಲ್ಲಿ ಇದು ಗೊತ್ತಿದ್ದವರು ಇಬ್ಬರು. ಒಬ್ಬರು ಮಣ್ಣಿನಲ್ಲಿ, ಇನ್ನೊಬ್ಬಳು ಅದೇ ಮನೆಯಲ್ಲಿ, ದಿನಕ್ಕೆ ಹತ್ತು ಸಲ ಆ ನಾಯಿಯನ್ನು ದಾಟಿಕೊಂಡು ನೀರು ತರುತ್ತಿದ್ದವಳು. ನನಗೆ ಮೊದಲು ಬಂದದ್ದು ಕನಿಕರವಲ್ಲ. ಇದಕ್ಕೂ ದುಃಖವಿಲ್ಲ, ಇದೂ ನನ್ನಂತೆಯೇ ಎಂದು ಒಂದು ಗಳಿಗೆ ಖುಷಿಯಾಯಿತು. ಆಮೇಲೆ ನಾಚಿಕೆಯಾಯಿತು.

ಆದರೂ ಎರಡು ದಿನ ಸುಮ್ಮನಿದ್ದೆ. ಉಗುರು ತೆಗೆದರೆ ನಾಯಿ ಎದ್ದು ಓಡುತ್ತದೆ, ರೊಟ್ಟಿ ತಿನ್ನುತ್ತದೆ, ಅಳಿಲು ಅಟ್ಟುತ್ತದೆ. ಆಗ ಅತ್ತೆಯ ಕೂಡ ದುಃಖಪಡುವವರು ಮನೆಯಲ್ಲಿ ಯಾರು? ನನ್ನಿಂದ ಆಗದ ಕೆಲಸವನ್ನು ನಾಯಿ ಮಾಡುತ್ತಿತ್ತು, ಅದನ್ನೂ ಕಸಿದುಕೊಳ್ಳಬೇಕು. ತೆಗೆಯದಿದ್ದರೆ ಕೀವು ಮೇಲೇರಿ ನಾಯಿ ಸಾಯುತ್ತದೆ, ಸತ್ತರೆ ಅತ್ತೆಯೂ ಉಳಿಯುವುದಿಲ್ಲ. ಎರಡನೆಯ ದಿನ ಅದು ನೀರನ್ನೂ ಬಿಟ್ಟಿತು. ಮರುದಿನ ಮಧ್ಯಾಹ್ನ ಅತ್ತೆಗೆ ನಿದ್ದೆ ಹತ್ತಿ ಮಾವ ಗೊರಕೆ ಹೊಡೆಯುವುದನ್ನು ಕಾದು ಸಂಚಿಗೆ ಕೈ ಹಾಕಿದೆ. ಬುಧವಾರವಾಗಿತ್ತು, ವಾರ ನೋಡಿಯೇ ಹಾಕಿದೆ.

ನಾಯಿಯನ್ನು ಎತ್ತಿಕೊಂಡು ಹಿತ್ತಲಿಗೆ ಹೋದೆ. ಅಷ್ಟು ದೊಡ್ಡ ನಾಯಿ, ಕಟ್ಟಿಗೆಯ ಹೊರೆಯಷ್ಟೂ ಭಾರವಿರಲಿಲ್ಲ. ಬೆನ್ನು ಗೋಡೆಗೆ ಕೊಟ್ಟು, ಕಚ್ಚದ ಹಾಗೆ ಮೂತಿಗೆ ಹಳೆಯ ಸೀರೆಯ ಪಟ್ಟಿ ಸುತ್ತಿ, ನನ್ನ ಎರಡು ಮೊಣಕಾಲ ನಡುವೆ ಕೂಡಿಸಿಕೊಂಡೆ. ಹಿಡಿಯುವವಳೂ ನಾನೇ, ಕೊಯ್ಯುವವಳೂ ನಾನೇ. ಕಾಲು ನೆನೆಸಿದೆ. ಬಳೆಯಂತೆ ಸುತ್ತಿದ್ದ ಉಗುರಿನ ಹೊರಗೆ ಬಾಗಿದ ಕಡೆಗೆ, ಬುಡದಿಂದ ದೂರಕ್ಕೆ, ಅಡಕೊತ್ತು ಕೂಡಿಸಿ ಒತ್ತಿದೆ. ಒಣ ಅಡಿಕೆ ಮುರಿದಂತೆ ಸದ್ದಾಯಿತು. ಮಾಂಸದಲ್ಲಿ ನೆಟ್ಟಿದ್ದ ತುದಿಯನ್ನು, ಅದು ಒಳಗೆ ಹೋದ ದಾರಿಯಲ್ಲೇ ತಿರುಗಿಸಿ ಎಳೆದೆ. ನಾಯಿ ಕಿರುಚಲಿಲ್ಲ, ಮೈಯೆಲ್ಲ ನಡುಗಿಸಿತು. ಉಳಿದ ಮೊಂಡನ್ನು ಚೂರುಚೂರಾಗಿ ತೆಗೆಯುತ್ತ ಹೋದೆ. ಐದು ತಿಂಗಳಲ್ಲಿ ಉಗುರಿನ ಕೂಡ ಒಳಗಿನ ರಕ್ತವೂ ಮುಂದೆ ಬೆಳೆದು ಬಂದಿರುತ್ತದೆ ಎಂಬುದು ನನಗೆ ತಿಳಿಯಲಿಲ್ಲ. ಹಿಂದೆ ನಿಲ್ಲಿಸುತ್ತಿದ್ದ ಅಳತೆಗೇ ಹೋಗಲು ನೋಡಿದೆ, ರಕ್ತ ಬಂತು. ಹಿಟ್ಟು ಒತ್ತಿ ಹಿಡಿದೆ. ಗಾಯವನ್ನು ಬೇವಿನ ನೀರಿನಿಂದ ತೊಳೆದು ಅರಿಶಿನದ ಎಣ್ಣೆ ಹಚ್ಚಿ ಪಟ್ಟಿ ಕಟ್ಟಿದೆ. ಇನ್ನೊಂದು ಕಾಲಿನದು ಮಾಂಸಕ್ಕೆ ತಾಗಲು ಎರಡೆಳೆ ಉಳಿದಿತ್ತು, ಅದನ್ನೂ ತೆಗೆದೆ. ಚೂರುಗಳನ್ನು ತಿಪ್ಪೆಗೆ ಹಾಕಿದೆ. ಆ ಬಳೆಯಂಥ ತುಂಡನ್ನು ಮಾತ್ರ, ಯಾಕೋ, ಸೆರಗಿನ ತುದಿಗೆ ಗಂಟು ಹಾಕಿಕೊಂಡೆ.

ಅವತ್ತು ಸಂಜೆ ನಾಯಿ ನೀರು ಕುಡಿಯಿತು. ಪಟ್ಟಿ ಯಾಕೆಂದು ಅತ್ತೆ ಕೇಳಿದ್ದಕ್ಕೆ, ನೆಕ್ಕಿ ನೆಕ್ಕಿ ಹುಣ್ಣಾಗಿದೆ ಎಂದೆ. ಮೂರನೆಯ ದಿನ ತಾನಾಗಿ ಎದ್ದು ಅತ್ತೆಯ ಕೈಯ ರೊಟ್ಟಿ ಕಿತ್ತುಕೊಂಡು ತಿಂದಿತು. ವಾರದೊಳಗೆ ಹಗ್ಗ ಹರಿದುಕೊಂಡು ಕೋಳಿಯ ಹಿಂದೆ ಓಡಿತು. ಅಂಗಳದ ಜನ ನಕ್ಕರು. ಅತ್ತೆ ಕಂಬಕ್ಕೆ ಒರಗಿ ನೋಡುತ್ತಲೇ ಇದ್ದರು. ಕೊನೆಗೆ ಯಾರಿಗೂ ಅಲ್ಲ ಎಂಬಂತೆ ಅಂದರು:

“ಇದೂ ಮರೀತಲ್ಲ.”

ಅವತ್ತಿನಿಂದ ಅವರು ತಟ್ಟೆಯ ಮುಂದೆ ಕೂತು ಹಾಗೇ ಎದ್ದು ಹೋಗತೊಡಗಿದರು. ಹಾಡಿ ಅಳುವುದೂ ನಿಂತಿತು. ಉಣ್ಣು ಎಂದು ಮಾವ ಎರಡು ಸಲ ಹೇಳಿ ನೋಡಿದರು. ಮೂರು ದಿನ ನಾನು ನೀಡಿದ ರೊಟ್ಟಿ ನನ್ನ ಕೈಗೇ ತಿರುಗಿ ಬಂತು. ನನ್ನಂತೆ ಇನ್ನೊಬ್ಬರು ಆಗುವುದನ್ನು ನಾನು ಎದುರಿಗೆ ನೋಡುತ್ತಿದ್ದೆ, ನನಗೆ ಅಂಜಿಕೆಯಾಯಿತು. ಗಂಡ ಹೋದ ಮೇಲೆ ನನಗೆ ಏನಾದರೂ ಆದದ್ದು ಅದೇ ಮೊದಲು.

ನಾಲ್ಕನೆಯ ದಿನ ಅವರ ಪಕ್ಕ ಕೂತು ಸೆರಗಿನ ಗಂಟು ಬಿಚ್ಚಿ ಆ ಉಗುರನ್ನು ತಟ್ಟೆಯ ಪಕ್ಕ ಇಟ್ಟೆ.

“ಅದು ಮರೀಲಿಲ್ರಿ ಅತ್ತಿ. ಅದಕ್ಕ ಇದು ನಟ್ಟಿತ್ತು,” ಎಂದೆ.

ಅವರು ಅದನ್ನು ಕೈಯಲ್ಲಿ ಹಿಡಿದು ತಿರುಗಿಸಿ ನೋಡಿದರು.

“ನಿನಗ ಹೆಂಗ ಗೊತ್ತಾತು?”

“ತಿಂಗಳಿಗೊಮ್ಮೆ ಅವರು ತಗೀತಿದ್ರು. ಹಿತ್ತಲದಾಗ. ಕಾಲ ನಾ ಹಿಡೀತಿದ್ದೆ.”

ಬೈಯುತ್ತಾರೆ ಎಂದುಕೊಂಡೆ. ಗೊತ್ತಿದ್ದೂ ಐದು ತಿಂಗಳು ಬಿಟ್ಟೆಯಲ್ಲ ಎಂದು ಕೇಳಬಹುದಿತ್ತು. ಹಿರಿಯರ ಕಣ್ಣು ತಪ್ಪಿಸಿ ಕೂತಿದ್ದಿರಿ ಎಂದು ಕೇಳಬಹುದಿತ್ತು. ಅವರು ಕೇಳಿದ್ದು ಬೇರೆ.

“ಆವಾಗ ಏನ ಮಾತಾಡತಿದ್ದ ಅಂವ?”

ಐದು ತಿಂಗಳಲ್ಲಿ ಗಂಡನ ಮಾತನ್ನು ನಾನು ಒಮ್ಮೆಯೂ ನೆನೆಸಿಕೊಂಡಿರಲಿಲ್ಲ. ಅತ್ತೆ ಕೇಳಿದ್ದಕ್ಕೆ ಹುಡುಕಿದೆ. ಬೈಲಹೊಂಗಲದ ಪೇಟೆಯಲ್ಲಿ ಕೀಲಿ ಕೊಟ್ಟರೆ ಹಾಡುವ ಪೆಟ್ಟಿಗೆ ನೋಡಿದ್ದನ್ನು ಹೇಳಿದ್ದರು. ಕಿತ್ತೂರಿನ ಕಡೆ ಮಳೆಗೆ ಗಾಡಿ ಹೂತು, ಎತ್ತು ಬಿಚ್ಚಿ ತಾವೇ ನೊಗಕ್ಕೆ ಹೆಗಲು ಕೊಟ್ಟದ್ದನ್ನು ಹೇಳಿದ್ದರು. ಒಂದೊಂದನ್ನೇ ಹೇಳಿದೆ. ಅತ್ತೆ ಪ್ರತಿಯೊಂದಕ್ಕೂ, ಇನ್ನೇನು, ಇನ್ನೇನು ಎಂದರು. ಮಗ ಸತ್ತ ಮೇಲೆ ಅವನ ಹೊಸ ಮಾತು ಅವರಿಗೆ ಎಲ್ಲಿಂದ ಸಿಗಬೇಕು? ಇದ್ದದ್ದು ನನ್ನ ಹತ್ತಿರ ಮಾತ್ರ. ಹೇಳಲು ಸಂಕೋಚವಾದದ್ದನ್ನೂ ಹೇಳಿಬಿಟ್ಟೆ. ನಿಮ್ಮ ರೊಟ್ಟಿ ಒಂದು ಮಗ್ಗುಲು ದಪ್ಪ ಎಂದು ನಗುತ್ತಿದ್ದರು ಎಂದೆ.

ಅತ್ತೆ ತಟ್ಟೆಯಲ್ಲಿದ್ದ ರೊಟ್ಟಿಯನ್ನು ಎತ್ತಿ ಅಂಚು ನೋಡಿದರು. ಅದು ನಾನು ಬಡಿದ ರೊಟ್ಟಿ. ಬಡಿಯುವುದನ್ನು ನನಗೆ ಕಲಿಸಿದವರು ಅವರೇ. ಆ ದಪ್ಪ ಮಗ್ಗುಲನ್ನೇ ಮುರಿದು ಬಾಯಿಗೆ ಹಾಕಿಕೊಂಡು ನಿಧಾನವಾಗಿ ಅಗಿದರು.

ಮಾವನಿಗೆ ಯಾರು ಹೇಳಿದರೋ ತಿಳಿಯದು. ಮುಂದಿನ ಸಂತೆಗೆ ರಾಮದುರ್ಗಕ್ಕೆ ಹೋದವರು ಹೊಸ ಅಡಕೊತ್ತು ತಂದು ಸಂಚಿಗೆ ಹಾಕಿಕೊಂಡರು. ಹಳೆಯದನ್ನು ಹಿತ್ತಲ ಬಾಗಿಲಿನ ಗೂಡಿನಲ್ಲಿ ಇಟ್ಟರು.

ತಿಂಗಳು ತುಂಬಿದ ಮೇಲೆ ಒಂದು ಮಧ್ಯಾಹ್ನ ನಾನು ನೀರು ಕಾಯಿಸುತ್ತಿದ್ದೆ. ಅತ್ತೆ ಮಲಗದೆ ನಾಯಿಯನ್ನು ಹಿಡಿದುಕೊಂಡು ಹಿತ್ತಲಿಗೆ ಬಂದರು. ಗೋಡೆಯ ಮಗ್ಗುಲಿಗೆ, ನಾನು ಕೂಡುತ್ತಿದ್ದ ಜಾಗದಲ್ಲೇ ಕೂತು, ಅದರ ಕಾಲು ಎತ್ತಿ ಹಿಡಿದರು. ಹಿಟ್ಟಿನ ಬಟ್ಟಲು ಪಕ್ಕಕ್ಕಿತ್ತು. ನಾನು ಅಡಕೊತ್ತು ತೆಗೆದುಕೊಂಡು ಅವರ ಎದುರಿಗೆ ಕೂತೆ. ನಾಯಿ ಕಾಲು ಎಳೆದುಕೊಂಡಿತು.

“ಗಟ್ಟಿ ಹಿಡೀರಿ, ಬಿಡಬ್ಯಾಡ್ರಿ,” ಎಂದೆ.

ಅಂದದ್ದು ನಾನು. ಮಾತು ನನ್ನದಾಗಿರಲಿಲ್ಲ. ಪ್ರತಿ ಸಲ ಅಡಕೊತ್ತು ಕೂಡಿಸುವಾಗ ನನ್ನ ಗಂಡ ನನಗೆ ಹೇಳುತ್ತಿದ್ದದ್ದು, ‘ರಿ’ ಒಂದು ಬಿಟ್ಟರೆ, ಅದೇ, ಅದೇ ಎಳೆತದಲ್ಲಿ. ಅತ್ತೆಗೆ ಅದನ್ನು ನಾನು ಹೇಳಿರಲಿಲ್ಲ, ನನಗೇ ನೆನಪಿರಲಿಲ್ಲ. ಆದರೂ ಅವರು ತಲೆಯೆತ್ತಿ ನನ್ನ ಬಾಯಿಯನ್ನೇ ನೋಡಿದರು.

“ಹಿಂಗ ಅಂತಿದ್ದನೇನು?”

“ಹೂಂರಿ.”

“ಇನ್ನೊಮ್ಮಿ ಅನ್ನು,” ಎಂದು ಅತ್ತೆ ಕಾಲನ್ನು ಗಟ್ಟಿಯಾಗಿ ಹಿಡಿದುಕೊಂಡರು.